ಗೇಟಿಗೆ ಬಿದ್ದ ಎರಡನೇ ಬೀಗ

ಪ್ರಶ್ನೆ: ನಮ್ಮದು ಹಾವೇರಿ ಜಿಲ್ಲೆಯ ಮೆಣಸಿನಕಾಯಿ ಸೀಮೆ. ನನ್ನ ಯಜಮಾನರು, ಅವರ ಅಣ್ಣ ಅಂದರೆ ನನ್ನ ಭಾವ, ಮತ್ತು ಊರಿನ ಒಬ್ಬ ದಲಾಲಿ ಅಂಗಡಿಯವರು, ಮೂವರೂ ಕೂಡಿ ಹನ್ನೊಂದು ವರ್ಷದ ಹಿಂದೆ ಒಂದು ಕೋಲ್ಡ್ ಸ್ಟೋರೇಜ್ ಕಟ್ಟಿಸಿದರು. ಜಾಗ, ಕಟ್ಟಡ ಎಲ್ಲ ಫರ್ಮಿನ ಹೆಸರಿನಲ್ಲಿದೆ. ಯಜಮಾನರು ತೀರಿಕೊಂಡು ಹದಿನಾರು ತಿಂಗಳಾಯಿತು. ಎಂಟು ತಿಂಗಳ ಹಿಂದೆ ಹೊಸ ಪಾಲುದಾರಿಕೆ ಪತ್ರ ಬರೆಸಿ, ಅವರ ಜಾಗದಲ್ಲಿ ನನ್ನನ್ನು ಸೇರಿಸಿಕೊಂಡರು. ಮೂವರೂ ಸಹಿ ಮಾಡಿದ್ದೇವೆ, ಆದರೆ ರಿಜಿಸ್ಟ್ರಾರ್ ಆಫೀಸಿಗೆ ಇನ್ನೂ ಕೊಟ್ಟಿಲ್ಲ. ಅಂದಿನಿಂದ ದಿನದ ವ್ಯವಹಾರ ನಾನೇ ನೋಡುತ್ತಿದ್ದೇನೆ.

ಇಪ್ಪತ್ಮೂರು ದಿನದ ಹಿಂದೆ ಭಾವ ಏಳೆಂಟು ಜನರನ್ನು ಕರೆತಂದು ದೊಡ್ಡ ಗೇಟಿಗೆ, ನನ್ನ ಬೀಗದ ಪಕ್ಕದಲ್ಲೇ, ತಮ್ಮದೊಂದು ಬೀಗ ಹಾಕಿ ಹೋದರು. ‘ನಿನ್ನ ಗಂಡ ಪಾಲು ನನಗೆ ಬರಕೊಟ್ಟಾನ, ನಿನಗಿಲ್ಲಿ ಏನೂ ಇಲ್ಲ’ ಎಂದರು. ಒಳಗೆ ರೈತರ ಮತ್ತು ವ್ಯಾಪಾರಿಗಳ ಸುಮಾರು ಒಂಬತ್ತು ಸಾವಿರ ಚೀಲ ಇದೆ. ಮಷೀನು ನೋಡುವ ಇಬ್ಬರು ಹುಡುಗರು ಪಕ್ಕದ ಸಣ್ಣ ಬಾಗಿಲಿನಿಂದ ಹೋಗಿಬರುತ್ತಿದ್ದಾರೆ, ಅವರ ಪಗಾರ ನಾನೇ ಕೊಡುತ್ತೇನೆ. ಚೀಲ ಬಿಡಿಸಿಕೊಳ್ಳಲು ಬಂದ ರೈತರು ಗೇಟಿನಿಂದ ವಾಪಸ್ ಹೋಗುತ್ತಿದ್ದಾರೆ. ಠಾಣೆಗೆ ಹೋದರೆ ‘ಅಕ್ಕಾರ, ಇದು ಸಿವಿಲ್ ಮ್ಯಾಟರ್ ಐತ್ರಿ’ ಎಂದು ಹಿಂಬರಹ ಕೊಟ್ಟು ಕಳಿಸಿದರು.

ಕೋರ್ಟಿನಿಂದ ಪೊಲೀಸ್ ರಕ್ಷಣೆ ತರಬಹುದೆಂದು ನಮ್ಮ ವಕೀಲರು ಹೇಳುತ್ತಾರೆ. ಅದು ಸಿಕ್ಕರೆ ಸಾಕೇ? ಪೊಲೀಸರು ಬಂದು ಎಷ್ಟು ದಿನ ನಿಲ್ಲುತ್ತಾರೆ? ಅವರು ಭಾವನ ಕಡೆಯೇ ವಾಲಿದರೆ ಏನು ಮಾಡಲಿ? ಇನ್ನೊಂದು ವಿಷಯವನ್ನು ವಕೀಲರಿಗೂ ಹೇಳಿಲ್ಲ. ಯಜಮಾನರನ್ನು ಹುಬ್ಬಳ್ಳಿಯ ಆಸ್ಪತ್ರೆಗೆ ಸೇರಿಸುವ ಮುಂಚೆ ಅವರು ಭಾವನಿಂದ ಹನ್ನೆರಡು ಲಕ್ಷ ತೆಗೆದುಕೊಂಡು ಒಂದು ಛಾಪಾ ಕಾಗದಕ್ಕೆ ಸಹಿ ಮಾಡಿದ್ದರು. ಅದರಲ್ಲಿ ಏನಿದೆಯೋ ನನಗೆ ಗೊತ್ತಿಲ್ಲ. ಹೇಳಿದರೆ ಕೇಸು ಬಿದ್ದುಹೋಗುತ್ತದೆಂದು ಭಯ. ಮಗನಿಗೆ ಇಪ್ಪತ್ತೆರಡು, ಪಿಎಸ್‌ಐ ಪರೀಕ್ಷೆಗೆ ಓದುತ್ತಿದ್ದಾನೆ. ‘ಯವ್ವಾ, ನೀ ಸುಮ್ಮನಿರು, ನಾಲ್ಕು ಹುಡುಗರನ್ನ ಕರಕೊಂಡು ಹೋಗಿ ಬೀಗ ಒಡೀತೀನಿ’ ಅನ್ನುತ್ತಾನೆ. ಮನೆತನದ ಮರ್ಯಾದೆ ಬೀದಿಗೆ ಬರುತ್ತದೆಂದು ನನಗೆ ರಾತ್ರಿ ನಿದ್ದೆ ಇಲ್ಲ.

— ಹೆಸರು ಬೇಡ, ಹಾವೇರಿ ಜಿಲ್ಲೆ

ಉತ್ತರ: ಸೋದರಿ, ನಿಮ್ಮ ಪತ್ರವನ್ನು ಮೂರು ಸಲ ಓದಿದೆ. ಮೊದಲು ಮಗನ ಮಾತಿಗೆ ಬರುತ್ತೇನೆ. ಉಳಿದದ್ದಕ್ಕೆ ಎರಡು ದಿನ ತಡವಾದರೂ ನಡೆದೀತು, ಇದಕ್ಕೆ ಇವತ್ತೇ ಉತ್ತರ ಬೇಕು.

ಅವನನ್ನು ಗೇಟಿನ ಹತ್ತಿರ ಬಿಡಬೇಡಿ. ‘ನಮ್ಮ ಗೇಟಿಗೆ ಬಿದ್ದ ಬೀಗ, ಒಡೆದರೆ ತಪ್ಪೇನು’ ಎಂದು ಅವನು ಕೇಳಬಹುದು. ತಪ್ಪೋ ಸರಿಯೋ ಎಂಬುದು ತೀರ್ಮಾನವಾಗುವುದಕ್ಕೆ ವರ್ಷಗಳು ಬೇಕು. ಎಫ್‌ಐಆರ್ ಮಾತ್ರ ಅವತ್ತು ಸಂಜೆಯೇ ದಾಖಲಾಗುತ್ತದೆ. ಅವನೂ ನಾಲ್ಕು ಹುಡುಗರೂ ಸೇರಿದರೆ ಐದು ಜನ. ಕಾನೂನಿನಲ್ಲಿ ‘ಅಕ್ರಮ ಕೂಟ’ ಎನ್ನಲು ಅಷ್ಟೇ ಜನ ಸಾಕು. ನಾಳೆ ಪರೀಕ್ಷೆ ಪಾಸಾದ ಮೇಲೆ ಅವನ ನಡತೆಯ ಪರಿಶೀಲನೆಗೆ ಕಡತ ಬರುವುದು ಅದೇ ಠಾಣೆಗೆ. ಅದಕ್ಕಿಂತ ಮುಖ್ಯವಾದ ಮಾತು, ಇವತ್ತಿನ ತನಕ ಈ ಗೇಟಿನ ಮುಂದೆ ತಪ್ಪು ಮಾಡಿದವರು ಒಬ್ಬರೇ. ನಿಮ್ಮ ಮಗ ಸುತ್ತಿಗೆ ಎತ್ತಿದ ಗಳಿಗೆಗೆ ಅದು ‘ಎರಡು ಗುಂಪುಗಳ ಗಲಾಟೆ’ ಆಗಿಬಿಡುತ್ತದೆ. ಠಾಣೆಯವರು ಇಬ್ಬರ ಮೇಲೂ ಶಾಂತಿ ಭಂಗದ ವರದಿ ಬರೆದು ತಹಶೀಲ್ದಾರರ ಮುಂದೆ ನಿಲ್ಲಿಸುತ್ತಾರೆ. ಆಗ ನಿಮ್ಮ ಕಡೆ ಇರುವ ಬಲದಲ್ಲಿ ಅರ್ಧ ಕಳೆದುಕೊಂಡಂತೆ.

ಇನ್ನು ಆ ಬಲ ಯಾವುದು ಎಂಬ ವಿಷಯ. ಎಲ್ಲವನ್ನೂ ಕಳೆದುಕೊಂಡವರ ಧಾಟಿಯಲ್ಲಿ ಬರೆದಿದ್ದೀರಿ. ನಿಮ್ಮ ಪತ್ರವೇ ಬೇರೆ ಮಾತು ಹೇಳುತ್ತದೆ. ದೊಡ್ಡ ಗೇಟಿನ ಮೇಲೆ ನಿಮ್ಮ ಬೀಗ ಇನ್ನೂ ಇದೆ. ನೀವು ಪಗಾರ ಕೊಡುವ ಇಬ್ಬರು ಹುಡುಗರು ದಿನವೂ ಒಳಗೆ ಹೋಗಿ ಮಷೀನು ನಡೆಸುತ್ತಿದ್ದಾರೆ. ಅಂದರೆ ಕಟ್ಟಡ ನಿಮ್ಮ ಸ್ವಾಧೀನ ತಪ್ಪಿ ಹೋಗಿಲ್ಲ. ವಹಿವಾಟಿಗೆ ಅಡ್ಡಿಯಾಗಿದೆ, ಅಷ್ಟೇ. ಕೋರ್ಟಿನ ಮುಂದೆ ಇವೆರಡರ ನಡುವಿನ ಅಂತರ ಬಹಳ ದೊಡ್ಡದು. ಕಳೆದುಕೊಂಡದ್ದನ್ನು ಮರಳಿ ಕೊಡಿಸಿ ಎಂದು ಕೇಳುವುದು ಕಷ್ಟದ ದಾರಿ. ಇರುವುದನ್ನು ಕಾಪಾಡಿ ಎಂದು ಕೇಳುವುದು ಅಷ್ಟು ಕಷ್ಟವಲ್ಲ. ಕರ್ನಾಟಕದಿಂದಲೇ ಹೋದ ಒಂದು ಜಮೀನಿನ ಪ್ರಕರಣದಲ್ಲಿ 2003ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಹೇಳಿದೆ. ಹಕ್ಕು ಯಾರದು ಎಂಬುದು ಆಮೇಲಿನ ಪ್ರಶ್ನೆ. ನೆಲೆಯಾಗಿ ಸ್ವಾಧೀನದಲ್ಲಿರುವವರನ್ನು, ಎದುರಾಳಿ ಮಾಲೀಕನೇ ಆಗಿದ್ದರೂ, ಕಾನೂನಿನ ದಾರಿ ಬಿಟ್ಟು ಹೊರಹಾಕುವಂತಿಲ್ಲ.

ಆದ್ದರಿಂದ ಆ ಇಬ್ಬರು ಹುಡುಗರನ್ನು ಯಾವ ಕಾರಣಕ್ಕೂ ಹಿಂದಕ್ಕೆ ಕರೆಸಬೇಡಿ. ಕೋಲ್ಡ್ ಸ್ಟೋರೇಜಿನ ಮಷೀನು ಕೋಣೆಯಲ್ಲಿ ಗೋಡೆಗೆ ಒರಗಿಸಿಟ್ಟ ಒಂದು ಉದ್ದನೆಯ ಪುಸ್ತಕ ಇರುತ್ತದೆ. ಇಷ್ಟು ಗಂಟೆಗೆ ಯಾವ ಚೇಂಬರಿನಲ್ಲಿ ಎಷ್ಟು ಡಿಗ್ರಿ, ಕಂಪ್ರೆಸರ್ ಯಾವಾಗ ಶುರುವಾಯಿತು, ಕರೆಂಟು ಯಾವಾಗ ಹೋಯಿತು, ಜನರೇಟರ್ ಎಷ್ಟು ಹೊತ್ತು ಓಡಿತು ಎಂದು ಎಣ್ಣೆ ಕೈಯಲ್ಲೇ ಬರೆದು ಸಹಿ ಹಾಕಿರುತ್ತಾರೆ. ಆ ಕೊಳೆಯಾದ ಪುಸ್ತಕ ನಿಮ್ಮ ಅತಿ ದೊಡ್ಡ ಸಾಕ್ಷಿ. ಬೀಗ ಬಿದ್ದ ದಿನದಿಂದ ಇಲ್ಲಿಯವರೆಗಿನ ಪ್ರತಿ ಪುಟವನ್ನೂ ಫೋನಿನಲ್ಲಿ ಫೋಟೊ ತೆಗೆದಿಟ್ಟುಕೊಳ್ಳಿ. ಹುಡುಗರ ಹಾಜರಿ, ಪಗಾರ ಕೊಟ್ಟ ದಾಖಲೆ, ಹೆಸ್ಕಾಂ ಬಿಲ್ಲು ಕಟ್ಟಿದ ರಸೀದಿ, ಡೀಸೆಲ್ ಬಿಲ್ಲು, ರೈತರಿಗೆ ನಿಮ್ಮ ಸಹಿಯಲ್ಲಿ ಕೊಟ್ಟ ಚೀಲದ ರಸೀದಿ ಪುಸ್ತಕದ ಪ್ರತಿ, ಇವೆಲ್ಲ ಒಂದೇ ಫೈಲಿನಲ್ಲಿರಲಿ. ಈ ತಿಂಗಳ ಕರೆಂಟ್ ಬಿಲ್ಲನ್ನು ಎಷ್ಟೇ ಕಷ್ಟವಾದರೂ ನೀವೇ ಕಟ್ಟಿ. ಠಾಣೆಯವರು ಕೊಟ್ಟ ಹಿಂಬರಹವನ್ನೂ ಬಿಸಾಡಬೇಡಿ. ಅಷ್ಟನೇ ತಾರೀಖಿಗೇ ನೀವು ದೂರು ತೆಗೆದುಕೊಂಡು ಹೋಗಿದ್ದಿರಿ ಎನ್ನುವುದಕ್ಕೆ ಅದು ಸರ್ಕಾರದ ಮುದ್ರೆ ಇರುವ ಪುರಾವೆ.

ಈಗ ನೀವು ಕೇಳಿದ ಪೊಲೀಸ್ ರಕ್ಷಣೆ. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಆ ಹೆಸರಿನ ಕಲಮು ಇಲ್ಲ. ನ್ಯಾಯ ಕೈಜಾರದಂತೆ ನೋಡಿಕೊಳ್ಳಲು ಪ್ರತಿ ಸಿವಿಲ್ ಕೋರ್ಟಿಗೂ ಇರುವ ಸ್ವಂತ ಅಧಿಕಾರವನ್ನು 151ನೇ ಕಲಮು ಎತ್ತಿ ಹಿಡಿಯುತ್ತದೆ. ಕೋರ್ಟುಗಳು ಪೊಲೀಸರಿಗೆ ನಿರ್ದೇಶನ ಕೊಡುವುದು ಅದನ್ನು ಆಧರಿಸಿಯೇ. ಮೊದಲು ಒಂದು ಆಜ್ಞೆ ಇರಬೇಕು. ಇಂಥವರು ಇಂಥದ್ದಕ್ಕೆ ಅಡ್ಡಿ ಮಾಡಕೂಡದು ಎಂಬ ತಡೆಯಾಜ್ಞೆ. ಅದನ್ನು ಮೀರುತ್ತಾರೆ ಅಥವಾ ಮೀರಿದ್ದಾರೆ ಎಂದು ಕೋರ್ಟಿಗೆ ಮನವರಿಕೆಯಾದರೆ ಆಗ ಪೊಲೀಸ್ ನೆರವು. ಆಜ್ಞೆ ಮರ, ಪೊಲೀಸ್ ರಕ್ಷಣೆ ಅದರ ನೆರಳು. ಮರವಿಲ್ಲದೆ ನೆರಳನ್ನಷ್ಟೇ ಕೇಳಿಕೊಂಡು ಹೈಕೋರ್ಟಿಗೆ, ನಿಮ್ಮ ಜಿಲ್ಲೆಯಾದರೆ ಧಾರವಾಡ ಪೀಠಕ್ಕೆ, ರಿಟ್ ಹಾಕುವವರಿದ್ದಾರೆ. ಪೊಲೀಸ್ ರಕ್ಷಣೆಯ ಹೆಸರಿನಲ್ಲಿ ಸಿವಿಲ್ ಹಕ್ಕನ್ನು ರಿಟ್ ಅರ್ಜಿಯಲ್ಲಿ ತೀರ್ಮಾನಿಸಲಾಗದು, ಅದಕ್ಕೆ ಸಿವಿಲ್ ಕೋರ್ಟ್ ಇದೆ ಎಂದು 2006ರಲ್ಲಿ ಕೇರಳದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆ ದಾರಿಯಲ್ಲಿ ದುಡ್ಡು ಸುರಿಯಬೇಡಿ.

ನಿಮ್ಮ ದಾರಿ ಯಾವುದೆಂಬುದು ಪಾಲುದಾರಿಕೆ ಪತ್ರದ ಕೊನೆಯ ಪುಟಗಳಲ್ಲಿದೆ. ಇಂಥ ಪತ್ರಗಳಲ್ಲಿ ‘ಪಾಲುದಾರರ ನಡುವೆ ತಂಟೆ ಬಂದರೆ ಆರ್ಬಿಟ್ರೇಷನ್ ಮೂಲಕ ತೀರಿಸಿಕೊಳ್ಳತಕ್ಕದ್ದು’ ಎಂಬ, ಅಂದರೆ ಮಧ್ಯಸ್ಥರ ತೀರ್ಪಿಗೆ ಒಪ್ಪಿಸುವ, ಷರತ್ತು ಹೆಚ್ಚಾಗಿ ಇದ್ದೇ ಇರುತ್ತದೆ. ಇಂದು ರಾತ್ರಿಯೇ ತೆಗೆದು ನೋಡಿ. ಷರತ್ತು ಇದ್ದರೆ 1996ರ ಆರ್ಬಿಟ್ರೇಷನ್ ಕಾಯ್ದೆಯ 9ನೇ ಕಲಮಿನಡಿ ನೇರವಾಗಿ ಕೋರ್ಟಿಗೆ ತುರ್ತು ಅರ್ಜಿ ಹಾಕಬಹುದು. ವ್ಯವಹಾರದ ಬೆಲೆ ಮೂರು ಲಕ್ಷ ದಾಟಿರುವುದರಿಂದ ಜಿಲ್ಲೆಯಲ್ಲಿ ವಾಣಿಜ್ಯ ವ್ಯಾಜ್ಯಗಳಿಗೆಂದು ಗೊತ್ತುಮಾಡಿದ ನ್ಯಾಯಾಲಯದ ಮುಂದೆ ಅದು ಹೋಗುತ್ತದೆ. ಮಾಲನ್ನು ಕಾಪಾಡುವುದು, ಕೆಡುವ ಮಾಲಾದರೆ ಮಾರಿಸುವುದು, ಜಾಗವನ್ನು ಒಳಹೊಕ್ಕು ಪರಿಶೀಲಿಸುವುದು, ತಡೆಯಾಜ್ಞೆ, ರಿಸೀವರ್ ನೇಮಕ ಎಲ್ಲವನ್ನೂ ಆ ಒಂದೇ ಅರ್ಜಿಯಲ್ಲಿ ಕೇಳಬಹುದು. ಆಜ್ಞೆ ಸಿಕ್ಕ 90 ದಿನದೊಳಗೆ ಆರ್ಬಿಟ್ರೇಷನ್ ಶುರು ಮಾಡಬೇಕು ಎಂಬುದನ್ನು ಮಾತ್ರ ಮರೆಯುವಂತಿಲ್ಲ. ಎಷ್ಟೋ ಜನ ಆಜ್ಞೆ ಸಿಕ್ಕಿತೆಂದು ನಿರಾಳವಾಗಿ ಕೂತು ಈ ಗಡುವಿನಲ್ಲೇ ಜಾರಿದ್ದಾರೆ. ಷರತ್ತು ಇಲ್ಲದಿದ್ದರೆ ಅದೇ ನ್ಯಾಯಾಲಯದಲ್ಲಿ ದಾವೆ ಹೂಡಬೇಕಾಗುತ್ತದೆ. ವಾಣಿಜ್ಯ ದಾವೆಗೆ ಮುಂಚೆ ಮೀಡಿಯೇಷನ್‌ಗೆ ಹೋಗಿ ಬರುವುದು ಕಡ್ಡಾಯ ಎಂದು 2022ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ ನಿಜ. ಆದರೆ ನಿಜವಾದ ತುರ್ತು ಪರಿಹಾರ ಬೇಕಿದ್ದಾಗ ಅದರಿಂದ ವಿನಾಯಿತಿ ಇದೆ.

ಹೊಸ ಪತ್ರ ರಿಜಿಸ್ಟ್ರಾರ್ ಆಫೀಸಿಗೆ ಹೋಗಿಲ್ಲ ಎಂಬ ನಿಮ್ಮ ಅಳುಕು ಸಹಜವಾದದ್ದು. 1932ರ ಪಾಲುದಾರಿಕೆ ಕಾಯ್ದೆಯ 69ನೇ ಕಲಮು ಅಲ್ಲಿ ಕಾದು ಕೂತಿದೆ. ನೋಂದಣಿಯಾಗದ ಫರ್ಮು, ರಿಜಿಸ್ಟ್ರಾರ್ ಆಫೀಸಿನ ಫರ್ಮುಗಳ ಪುಸ್ತಕದಲ್ಲಿ ಹೆಸರಿಲ್ಲದ ಪಾಲುದಾರರು ದಾವೆ ಹೂಡುವುದಕ್ಕೆ ಅದು ಅಡ್ಡ ನಿಲ್ಲುತ್ತದೆ. ಆದರೆ 2004ರಲ್ಲಿ ಒಂದು ಮದ್ಯ ವ್ಯಾಪಾರದ ಪಾಲುದಾರರ ಜಗಳದಲ್ಲಿ, 9ನೇ ಕಲಮಿನ ತುರ್ತು ಅರ್ಜಿಗೆ ಆ ಅಡ್ಡಿ ಮೇಲ್ನೋಟಕ್ಕೆ ತಟ್ಟುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ನಿಮ್ಮ ವಕೀಲರಿಗೆ ಇದನ್ನು ನೆನಪಿಸಿ. ಹಾಗೆಂದು ನೋಂದಣಿಯನ್ನು ಇನ್ನೂ ತಳ್ಳಬೇಡಿ. ಇನ್ನೊಂದು ಮಾತು: ಪಾಲುದಾರ ಸತ್ತರೂ ಆರ್ಬಿಟ್ರೇಷನ್ ಒಪ್ಪಂದ ಸಾಯುವುದಿಲ್ಲ, ವಾರಸುದಾರರೂ ಅದರ ಮೇಲೆ ನಡೆಯಬಹುದು ಎಂದು ಆರ್ಬಿಟ್ರೇಷನ್ ಕಾಯ್ದೆಯ 40ನೇ ಕಲಮು ಹೇಳುತ್ತದೆ. ಹೊಸ ಪತ್ರದ ಬಗ್ಗೆ ಭಾವ ಏನೇ ತಕರಾರು ತೆಗೆದರೂ ನೀವು ಹೆಂಡತಿಯಾಗಿ, ವಾರಸುದಾರರಾಗಿ ಬಾಗಿಲ ಒಳಗೇ ಇರುತ್ತೀರಿ.

ಏನನ್ನು ಕೇಳಬೇಕು ಎಂಬುದರಲ್ಲಿ ಎಚ್ಚರ ಬೇಕು. ಸಿಟ್ಟಿನಲ್ಲಿ ‘ಭಾವ ಕಾಂಪೌಂಡಿನೊಳಗೆ ಕಾಲಿಡದಂತೆ ಆಜ್ಞೆ ಕೊಡಿಸಿ’ ಎನ್ನಬೇಡಿ. ಅವರೂ ಪಾಲುದಾರರು. ವ್ಯವಹಾರದಲ್ಲಿ ಪಾಲ್ಗೊಳ್ಳುವ, ಲೆಕ್ಕದ ಪುಸ್ತಕ ನೋಡುವ ಹಕ್ಕು ಕಾನೂನಿನಲ್ಲಿ ಅವರಿಗೂ ಇದೆ. ಅಷ್ಟು ದೊಡ್ಡದನ್ನು ಕೇಳಿ ಬರಿಗೈಲಿ ಬರುವ ಬದಲು, ಬೀಗ ತೆಗೆಯಲಿ, ಮಾಲಿನ ಒಳ-ಹೊರ ಸಾಗಾಟಕ್ಕೆ ಯಾರೂ ಅಡ್ಡ ಬರಬಾರದು, ಹೊರಗಿನ ಜನರನ್ನು ಕರೆತರಬಾರದು, ಲೆಕ್ಕ ಇಬ್ಬರಿಗೂ ತೆರೆದಿರಲಿ ಎಂದು ಕೇಳಿ. ನ್ಯಾಯಾಧೀಶರಿಗೆ ಕೊಡಲು ಮನಸ್ಸು ಬರುವ ಆಜ್ಞೆ ಅದು.

ಒಳಗಿರುವ ಒಂಬತ್ತು ಸಾವಿರ ಚೀಲವನ್ನು ಅರ್ಜಿಯ ಮೊದಲ ಪುಟಕ್ಕೇ ತನ್ನಿ. ಅದು ನಿಮ್ಮದೂ ಅಲ್ಲ, ಭಾವನದೂ ಅಲ್ಲ. ಡಬ್ಬಿ ಮೆಣಸಿನಕಾಯಿಯೋ ಕಡ್ಡಿ ಮೆಣಸಿನಕಾಯಿಯೋ, ತಂಪು ತಪ್ಪಿದರೆ ಮೊದಲು ಹೋಗುವುದು ಬಣ್ಣ. ಬ್ಯಾಡಗಿ ಮೆಣಸಿನಕಾಯಿಗೆ ಬೆಲೆ ಇರುವುದೇ ಬಣ್ಣಕ್ಕೆ. ಇನ್ನೊಬ್ಬರ ಮಾಲನ್ನು ಇಟ್ಟುಕೊಂಡವರು ಅದನ್ನು ತಮ್ಮದರಷ್ಟೇ ಜೋಪಾನ ಮಾಡಬೇಕೆಂದು ಕರಾರು ಕಾಯ್ದೆ ಹೇಳುತ್ತದೆ. ಹಾಳಾದರೆ ರೈತರು ಹಿಡಿಯುವುದು ಫರ್ಮನ್ನು, ಅಂದರೆ ನಿಮ್ಮನ್ನೂ ಸೇರಿಸಿ. ನಿಮ್ಮದು ಅಮೋನಿಯಾ ಮೇಲೆ ನಡೆಯುವ ಮಷೀನಾದರೆ, ಗಲಾಟೆಯಲ್ಲಿ ಹುಡುಗರನ್ನು ಒಳಗೆ ಬಿಡದೇ ಹೋದರೆ ಆಗುವ ಅಪಾಯವನ್ನೂ ಬರೆಯಿರಿ. ಅದು ಸುತ್ತಲಿನ ಮನೆಗಳ ಪ್ರಶ್ನೆಯೂ ಹೌದು. ಕೋರ್ಟ್ ಕಮಿಷನರ್ ಬರಲಿ, ಅವರ ಎದುರಿಗೆ ಚೀಲ ಎಣಿಸಲಿ, ರಸೀದಿ ತಂದ ರೈತರಿಗೆ ಇಬ್ಬರ ಸಹಿಯ ಮೇಲೆ ಮಾಲು ಬಿಡಲಿ ಎಂದು ನೀವೇ ಮುಂದಾಗಿ ಹೇಳಿ. ಬಾಡಿಗೆ ಹಣ ಜಗಳ ತೀರುವವರೆಗೆ ಪ್ರತ್ಯೇಕ ಖಾತೆಯಲ್ಲಿ ಇರಲಿ ಎಂದೂ ಸೇರಿಸಿ. ರೈತರ ಮಾಲನ್ನು ಮೊದಲು ಬಿಡಿಸಲು ಹೊರಟವರ ಮಾತಿಗೆ ಕೋರ್ಟಿನಲ್ಲಿ ತೂಕ ಬರುತ್ತದೆ. ನಾನು ಇದನ್ನು ಉಪಾಯವೆಂದು ಹೇಳುತ್ತಿಲ್ಲ. ವರ್ಷವಿಡೀ ದುಡಿದು ತಂದಿಟ್ಟ ಚೀಲವನ್ನು ಗೇಟಿನ ಸರಳಿನ ಆಚೆಯಿಂದ ನೋಡಿ ವಾಪಸ್ ಹೋಗುವ ಮನುಷ್ಯನಿಗೆ ನಿಮ್ಮ ಮನೆಯ ಜಗಳದಲ್ಲಿ ಯಾವ ಪಾಲೂ ಇಲ್ಲ.

ಠಾಣೆಗೂ ಇನ್ನೊಂದು ಸಲ ಹೋಗಿ, ಈ ಸಲ ಬೇರೆ ದೂರಿನೊಂದಿಗೆ. ಪಾಲುದಾರಿಕೆಯ ಮಾತು ಅದರಲ್ಲಿ ಬೇಡ. ಇಂಥ ದಿನ, ಇಷ್ಟು ಗಂಟೆಗೆ, ಇಷ್ಟು ಜನ ಬಂದು ಬೆದರಿಸಿದರು, ರೈತರು ಗೇಟಿನ ಮುಂದೆ ಸೇರುತ್ತಿದ್ದಾರೆ, ಶಾಂತಿ ಕದಡುವ ಸಂಭವವಿದೆ ಎಂದಷ್ಟೇ ಬರೆಯಿರಿ. 2024ರ ಮಾರ್ಚ್‌ನಲ್ಲಿ ಮೆಣಸಿನಕಾಯಿ ಬೆಲೆ ಕುಸಿದ ದಿನ ಬ್ಯಾಡಗಿ ಎಪಿಎಂಸಿಯಲ್ಲಿ ವಾಹನಗಳಿಗೆ ಬೆಂಕಿ ಬಿದ್ದದ್ದನ್ನು ನಿಮ್ಮ ಜಿಲ್ಲೆಯ ಪೊಲೀಸರು ಮರೆತಿರಲಾರರು. ತೆಗೆದುಕೊಳ್ಳದಿದ್ದರೆ ಎಸ್‌ಪಿ ಕಚೇರಿಗೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ಗೇಟಿನ ಹತ್ತಿರ ಜನ ಬಂದ ಕೂಡಲೇ 112ಕ್ಕೆ ಕರೆ ಮಾಡಿ. ಆ ಕರೆಯ ದಾಖಲೆಯೂ ಮುಂದೆ ಕೆಲಸಕ್ಕೆ ಬರುತ್ತದೆ.

ಆಜ್ಞೆ ಸಿಕ್ಕಿತು ಎಂದುಕೊಳ್ಳೋಣ. ಅದರ ಒಕ್ಕಣೆಯನ್ನು ಒಂದೊಂದೇ ಶಬ್ದ ಓದಿ. ಯಾಕೆಂದು ಹೇಳುತ್ತೇನೆ. ನಾನು ವಕೀಲಿ ಶುರುಮಾಡಿದ ಹೊಸತರಲ್ಲಿ ಗದಗ ಕಡೆಯ ಒಂದು ಹತ್ತಿ ಜಿನ್ನಿಂಗ್ ಮಿಲ್ಲಿಗೆ ಪೊಲೀಸ್ ರಕ್ಷಣೆಯ ಆಜ್ಞೆ ತಂದಿದ್ದೆ. ಬೆಳಿಗ್ಗೆ ಹತ್ತೂವರೆಗೆ ಜೀಪು ಬಂತು. ಪಿಎಸ್‌ಐ ಇಳಿದು, ಟೋಪಿ ತೆಗೆದು ಬಾನೆಟ್ಟಿನ ಮೇಲಿಟ್ಟು, ಆಜ್ಞೆಯನ್ನು ನಿಧಾನವಾಗಿ ಓದಿದರು. ಆಮೇಲೆ ತಲೆಯೆತ್ತಿ ಕೇಳಿದರು, ‘ವಕೀಲ್ರ, ಯಾವ ಗೇಟು?’ ಮಿಲ್ಲಿಗೆ ಎರಡು ಗೇಟಿದ್ದವು. ಒಂದು ರಸ್ತೆಗೆ, ಇನ್ನೊಂದು ಹಿಂದಿನ ಹತ್ತಿ ಅಂಗಳಕ್ಕೆ. ಆಜ್ಞೆಯಲ್ಲಿದ್ದದ್ದು ಸರ್ವೆ ನಂಬರು ಮಾತ್ರ. ಎದುರು ಪಕ್ಷದವರು ಹಿಂದಿನ ಅಂಗಳ ತಮ್ಮ ಬೇರೆ ನಂಬರಿನದು ಎಂದರು. ಪಿಎಸ್‌ಐ ಕಾಗದ ಮಡಚಿ ನನ್ನ ಕೈಗಿಟ್ಟು, ‘ಸ್ಪಷ್ಟ ಮಾಡಿಸ್ಕೊಂಡು ಬರ್ರಿ’ ಎಂದು ಜೀಪು ಹತ್ತಿದರು. ಅವರು ಮಾಡಿದ್ದು ಸರಿ. ಆಜ್ಞೆಯಲ್ಲಿ ಇಲ್ಲದ್ದನ್ನು ಅವರು ಊಹಿಸಿ ಮಾಡುವಂತಿಲ್ಲ. ತಿದ್ದುಪಡಿ ಮಾಡಿಸಿಕೊಂಡು ಮತ್ತೆ ಬರುವಷ್ಟರಲ್ಲಿ ಇಪ್ಪತ್ತು ದಿನ ಕಳೆದು, ಅಂಗಳದಲ್ಲಿದ್ದ ಹತ್ತಿ ಒಂದು ಮಳೆ ತಿಂದಿತ್ತು. ಆ ಅರ್ಜಿ ಬರೆದವನು ನಾನೇ. ಅಂದಿನಿಂದ ನಾನು ಸ್ಥಳಕ್ಕೆ ಹೋಗಿ ಗೇಟು ಎಣಿಸದೆ ಅರ್ಜಿ ಬರೆದಿಲ್ಲ.

ಆದ್ದರಿಂದ ನಿಮ್ಮ ಅರ್ಜಿಯಲ್ಲಿ ನಾಲ್ಕು ದಿಕ್ಕಿನ ಚಕ್ಕುಬಂದಿ, ಕೈಯಿಂದ ಬರೆದ ಒಂದು ನಕಾಶೆ, ದೊಡ್ಡ ಗೇಟು ಇದು, ಸಣ್ಣ ಬಾಗಿಲು ಇದು ಎಂಬ ಗುರುತು, ಎರಡು ಬೀಗಗಳ ಫೋಟೊ ಇರಲಿ. ಯಾವ ಠಾಣೆಯವರು, ಯಾವ ಕೆಲಸಕ್ಕೆ, ಎಲ್ಲಿಯವರೆಗೆ ನೆರವು ಕೊಡಬೇಕು ಎಂಬುದು ಆಜ್ಞೆಯಲ್ಲಿ ಬರಲಿ. ದೃಢೀಕೃತ ನಕಲು ತೆಗೆದುಕೊಂಡು ಠಾಣೆಯಲ್ಲೂ ಎಸ್‌ಪಿ ಕಚೇರಿಯಲ್ಲೂ ಕೊಟ್ಟು, ಸ್ವೀಕೃತಿಯ ಮುದ್ರೆ ಹಾಕಿಸಿಕೊಳ್ಳಿ.

ಪೊಲೀಸರು ಎಷ್ಟು ದಿನ ನಿಲ್ಲುತ್ತಾರೆ ಎಂದು ಕೇಳಿದ್ದೀರಿ. ಹಗಲೂ ರಾತ್ರಿ ಗೇಟಿನಲ್ಲಿ ಒಬ್ಬ ಕಾನ್‌ಸ್ಟೆಬಲ್ ಕುರ್ಚಿ ಹಾಕಿಕೊಂಡು ಕೂರುತ್ತಾನೆ ಎಂದುಕೊಂಡಿದ್ದರೆ ಆ ಆಸೆ ಬಿಡಿ. ಸಾಮಾನ್ಯವಾಗಿ ಬೀಗ ತೆಗೆಸುವ ದಿನ, ಕಮಿಷನರ್ ಬರುವ ದಿನ, ಮಾಲು ಎತ್ತುವ ದಿನ ಬಂದೋಬಸ್ತ್ ಇರುತ್ತದೆ. ಉಳಿದ ದಿನ ಬೀಟಿನವರು ಬಂದು ನೋಡಿ ಹೋಗಬಹುದು, ಕರೆದರೆ ಬರಬಹುದು. ಹೆಚ್ಚಿನ ಸಿಬ್ಬಂದಿ ಬೇಕೆಂದಾಗ ಅದರ ಖರ್ಚನ್ನು ಕೇಳಿಕೊಂಡವರೇ ತುಂಬಬೇಕಾಗಿ ಬರಬಹುದು. ಹಾಗೆ ಬಂದರೆ ಸರ್ಕಾರಿ ಚಲನ್ ಮೂಲಕ ಮಾತ್ರ ಕಟ್ಟಿ, ಯಾರ ಕೈಗೂ ಕೊಡಬೇಡಿ.

ಅವರು ಭಾವನ ಕಡೆ ವಾಲಿದರೆ ಎಂಬ ಭಯಕ್ಕೆ ನನ್ನ ಉತ್ತರ ಇದು. ಆಜ್ಞೆ ಇಲ್ಲದಾಗ ಠಾಣೆಯವರಿಗೆ ‘ಸಿವಿಲ್ ಮ್ಯಾಟರ್’ ಎಂದು ಕೈತೊಳೆದುಕೊಳ್ಳಲು ದಾರಿ ಇರುತ್ತದೆ. ಮುದ್ರೆ ಬಿದ್ದ ಆಜ್ಞೆ ಕೈಸೇರಿದ ಮೇಲೆ ಆ ದಾರಿ ಮುಚ್ಚುತ್ತದೆ. ಮತ್ತೆಯೂ ಮೀನಮೇಷ ಎಣಿಸಿದರೆ ಅದೇ ಕೋರ್ಟಿನ ಮುಂದೆ ದಿನಾಂಕ ಸಮೇತ ಪ್ರಮಾಣಪತ್ರ ಹಾಕಿ. ಭಾವ ಆಜ್ಞೆ ಮೀರಿದರೆ ಅವರ ಆಸ್ತಿ ಜಪ್ತಿ ಮಾಡುವ, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸುವ ಅಧಿಕಾರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 2ಎ ನಿಯಮದಲ್ಲಿದೆ. ಒಂದು ಅಪಾಯ ಮಾತ್ರ ಕಣ್ಣಲ್ಲಿರಲಿ. ಠಾಣೆಯವರು ತಹಶೀಲ್ದಾರರಿಗೆ ವರದಿ ಕಳಿಸಿ, ಹೊಸ ನಾಗರಿಕ ಸುರಕ್ಷಾ ಸಂಹಿತೆಯ 164ನೇ ಕಲಮಿನಡಿ (ಹಳೆಯದರಲ್ಲಿ 145) ಪ್ರಕರಣ ಶುರುಮಾಡಿಸಿ, ಕಟ್ಟಡವನ್ನೇ ಜಪ್ತಿ ಮಾಡಿಸುವ ಹಾದಿ ಹಿಡಿಯಬಹುದು. ಹಾಗಾದರೆ ಬೀಗ ಮೂರನೆಯವರದಾಗುತ್ತದೆ. ನೀವು ಮೊದಲೇ ಸಿವಿಲ್ ಕೋರ್ಟಿನಲ್ಲಿದ್ದರೆ ಆ ಹಾದಿಯನ್ನು ತಡೆಯುವುದು ಸುಲಭ. ತಡಮಾಡಬಾರದು ಎನ್ನುವುದಕ್ಕೆ ಇದೂ ಒಂದು ಕಾರಣ.

ಇನ್ನು ಆ ಛಾಪಾ ಕಾಗದ. ನಿಮ್ಮ ಪತ್ರದಲ್ಲಿ ನನ್ನನ್ನು ಹೆಚ್ಚು ಕಾಡಿದ್ದು ಅದೇ. ವಕೀಲರಿಗೆ ನಾಳೆ ಬೆಳಿಗ್ಗೆಯೇ ಹೇಳಿ. ತುರ್ತು ಆಜ್ಞೆಯನ್ನು ಕೋರ್ಟು ಹಲವು ಸಲ ಎದುರು ಪಕ್ಷದ ಮಾತು ಕೇಳುವ ಮೊದಲೇ ಕೊಡುತ್ತದೆ. ಕೇಳಲು ಬಂದವರು ಇದ್ದದ್ದನ್ನೆಲ್ಲ ಹೇಳಿದ್ದಾರೆ ಎಂಬ ನಂಬಿಕೆಯ ಮೇಲೆ ನಿಂತ ಆಜ್ಞೆ ಅದು. ಗೊತ್ತಿದ್ದೂ ತಪ್ಪು ಹೇಳಿದ್ದರೆ ಆಜ್ಞೆಯನ್ನು ತೆಗೆದುಹಾಕಬೇಕೆಂದೇ ನಿಯಮ ಇದೆ. ನೀವು ಬಚ್ಚಿಟ್ಟ ಕಾಗದವನ್ನು ಎರಡನೇ ವಾರ ಭಾವನ ವಕೀಲರು ಎತ್ತಿ ತೋರಿಸಿದರೆ, ಆಜ್ಞೆ ಹೋಗುವುದರ ಜೊತೆಗೆ ನಿಮ್ಮ ಮಾತಿನ ಬೆಲೆಯೂ ಹೋಗುತ್ತದೆ.

ಆ ಕಾಗದವನ್ನು ನೀವು ಹೆದರಿಕೆಯ ಕಣ್ಣಿನಿಂದ ಮಾತ್ರ ನೋಡಿದ್ದೀರಿ. ತಾರೀಖುಗಳನ್ನು ಒಂದರ ಪಕ್ಕ ಒಂದು ಇಟ್ಟು ನೋಡಿ. ಯಜಮಾನರು ಸಹಿ ಮಾಡಿದ್ದು ಆಸ್ಪತ್ರೆಗೆ ಸೇರುವ ಮುಂಚೆ. ಭಾವ ನಿಮ್ಮನ್ನು ಪಾಲುದಾರರಾಗಿ ಸೇರಿಸಿಕೊಂಡು ಹೊಸ ಪತ್ರಕ್ಕೆ ಸಹಿ ಮಾಡಿದ್ದು ಅವರು ತೀರಿಕೊಂಡ ಎಂಟು ತಿಂಗಳ ಮೇಲೆ. ಪಾಲು ಅವರಿಗೆ ಬಂದುಬಿಟ್ಟಿದ್ದರೆ ನಿಮ್ಮನ್ನು ಸೇರಿಸಿಕೊಂಡದ್ದು ಯಾವ ಪಾಲಿಗೆ? ಈ ಒಂದು ಪ್ರಶ್ನೆಗೆ ಅವರು ಕೋರ್ಟಿನಲ್ಲಿ ಉತ್ತರ ಹೇಳಬೇಕು. ಆ ಹನ್ನೆರಡು ಲಕ್ಷ ಬರಿಯ ಕೈಗಡವೇ ಇರಬಹುದು. ಕಾಗದ ಓದದೆ ನಾನು ತೀರ್ಮಾನ ಹೇಳಲಾರೆ. ಸಾಲವೇ ಆಗಿದ್ದರೆ ಸಾಲವೆಂದು ಒಪ್ಪಿಕೊಂಡು ತೀರಿಸುವ ಮಾತಾಡಿ. ಆಸ್ಪತ್ರೆಯ ಹೊತ್ತಿನಲ್ಲಿ ಕೊಟ್ಟ ಹಣ ಅದು, ಅದನ್ನು ಇಲ್ಲವೆನ್ನುವುದು ನ್ಯಾಯವಲ್ಲ.

ಮರ್ಯಾದೆಯ ವಿಷಯಕ್ಕೆ ನಾನು ಹೆಚ್ಚು ಹೇಳುವುದಿಲ್ಲ. ಏಳೆಂಟು ಜನರನ್ನು ಕರೆತಂದು ಗೇಟಿಗೆ ಬೀಗ ಹಾಕಿದ ದಿನವೇ ಜಗಳ ಬೀದಿಗೆ ಬಂದಾಗಿದೆ. ತಂದವರು ನೀವಲ್ಲ. ಕೋರ್ಟಿಗೆ ಹೋದರೂ ಭಾವನ ಮನೆಯ ಮದುವೆ ಮುಂಜಿಗೆ ಹೋಗುವುದನ್ನು ಬಿಡಬೇಡಿ. ಮೂರನೇ ಪಾಲುದಾರರಾದ ದಲಾಲಿ ಅಂಗಡಿಯವರ ಮನೆಗೆ ಒಮ್ಮೆ ಹೋಗಿ ಬನ್ನಿ. ಹೊಸ ಪತ್ರಕ್ಕೆ ಅವರೂ ಸಹಿ ಮಾಡಿದವರು, ಕಂಡದ್ದನ್ನು ಕಂಡಂತೆ ಹೇಳುವ ಒಂದು ಪ್ರಮಾಣಪತ್ರ ಕೊಟ್ಟರೂ ದೊಡ್ಡದು. ಆರ್ಬಿಟ್ರೇಷನ್ ಎಂದರೂ ಕಡೆಗೆ ಮೂರು ಕುರ್ಚಿ ಹಾಕಿಕೊಂಡು ಕೂತು ಲೆಕ್ಕ ನೋಡುವುದೇ. ಆದರೆ ರಾಜಿಯ ಮಾತು ಬೀಗ ತೆಗೆದ ಮೇಲೆ ಶುರುವಾಗಲಿ.

ವಕೀಲರ ಖರ್ಚಿಗೆ ತೊಂದರೆಯಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಅದರ ಕಚೇರಿ ಜಿಲ್ಲಾ ನ್ಯಾಯಾಲಯದ ಆವರಣದಲ್ಲೇ ಸಿಗುತ್ತದೆ. ಹೆಂಗಸರಿಗೆ ಆದಾಯದ ಮಿತಿಯಿಲ್ಲದೆ ಉಚಿತ ನೆರವು ಕೊಡಬೇಕೆಂದು 1987ರ ಕಾಯ್ದೆಯಲ್ಲೇ ಇದೆ.

ಕೊನೆಗೆ ಒಂದು ಲೆಕ್ಕ. ಸಣ್ಣ ಬಾಗಿಲಿಗೂ ಬೀಗ ಬಿದ್ದು ನೀವು ಪೂರ್ತಿ ಹೊರಗಾಗುವ ದಿನ ಬಂದರೆ, ಸ್ವಾಧೀನ ಮರಳಿ ಪಡೆಯಲು ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಲ್ಲಿ ಒಂದು ಚುರುಕಿನ ದಾರಿ ಇದೆ. ಪಾಲುದಾರರ ನಡುವೆ ಅದು ಎಷ್ಟರಮಟ್ಟಿಗೆ ನಡೆಯುತ್ತದೆಂ­ದು ನಿಮ್ಮ ವಕೀಲರು ಕಾಗದಪತ್ರ ನೋಡಿ ಹೇಳಬೇಕು. ಅದಕ್ಕಿರುವ ಅವಧಿ ಹೊರಹಾಕಿದ ದಿನದಿಂದ ಆರು ತಿಂಗಳು, ಒಂದು ದಿನವೂ ಹೆಚ್ಚಿಲ್ಲ. ದೊಡ್ಡ ಗೇಟಿಗೆ ಆ ಎರಡನೇ ಬೀಗ ಬಿದ್ದು ನೀವು ಪತ್ರ ಬರೆದ ದಿನಕ್ಕೆ ಇಪ್ಪತ್ಮೂರು ದಿನ ಆಗಿತ್ತು. ಈ ಸಂಚಿಕೆ ನಿಮ್ಮ ಕೈಸೇರುವ ಹೊತ್ತಿಗೆ ಇನ್ನಷ್ಟು ಆಗಿರುತ್ತದೆ. ಫೈಲು ಹಿಡಿದುಕೊಂಡು ನಾಳೆಯೇ ವಕೀಲರ ಆಫೀಸಿಗೆ ಹೋಗಿ, ಮಗನನ್ನೂ ಜೊತೆಗೆ ಕರೆದುಕೊಂಡು ಹೋಗಿ.